ಕೊಕ್ಕೆ ತಪ್ಪಿದ ನಲವತ್ತೊಂದು

ನಾನು ಹಿತ್ತಾಳೆಯ ಒಂದು ಬಿಲ್ಲೆ. ಅಮೆರಿಕದ ಒಂದು ಕಲ್ಲಿದ್ದಲು ಗಣಿಯಲ್ಲಿ ನನ್ನೆದೆಗೆ ಉಳಿಯಿಟ್ಟು ಬಡಿದು '41' ಎಂದು ಕೊರೆದರು. ಅದೇ ನನ್ನ ನಾಮಕರಣ. ಕೂಲಿಯವನು ಕೆಳಗಿಳಿಯುವಾಗ ನನ್ನನ್ನು ಗಣಿಯ ಬಾಯಲ್ಲಿರುವ ಹಲಗೆಯ ಕೊಕ್ಕೆಗೆ ನೇತುಹಾಕುತ್ತಾನೆ, ಮೇಲೆ ಬಂದಾಗ ತೆಗೆದುಕೊಳ್ಳುತ್ತಾನೆ. ಕೊಕ್ಕೆಯಲ್ಲಿ ಬಿಲ್ಲೆ ಇದ್ದರೆ ಮನುಷ್ಯ ಒಳಗಿದ್ದಾನೆ ಅಂತ ಅರ್ಥ. ಓದು ಬರದವನಿಗೂ ತಿಳಿಯುವ ಮಾತು.

ನಾನು ಆರಿನ್ ಟಲ್ಲಿ ಎಂಬ ಕೂಲಿಯವನ ಬಿಲ್ಲೆ. ಭಾನುವಾರ ಅವನ ತಂಗಿ ಡೆಸ್ಸಾ ಬೂದಿ ಹಾಕಿ ತಿಕ್ಕಿ ನನ್ನನ್ನು ಹೊಳೆಯಿಸುತ್ತಿದ್ದಳು. ಪಕ್ಕದ 42, ಆರಿನ್‌ನ ಗೆಳೆಯ ಹಾರ್ಲನ್ ಪಿಕೆಟ್‌ನದು. ಹದಿಮೂರನೇ ವಯಸ್ಸಿಗೇ ಶಾಲೆ ಬಿಟ್ಟವನು, ಮಾತಿನ ಮಲ್ಲ.

"ಲೇ ಹಾರ್ಲನ್, ಬಾಯಲ್ಲೇ ಇದ್ದಲು ಅಗೀತೀಯಲ್ಲೋ! ಎಲೆಕ್ಷನ್‌ಗೆ ನಿಂತ್ಕೋ!" ಎಂದು ಆರಿನ್ ಗೇಲಿ ಮಾಡುತ್ತಿದ್ದ.

ಒಂದು ಮಧ್ಯಾಹ್ನ ಒಳಗೆ ಬೆಂಕಿ ಬಿತ್ತು. ಹೊಗೆಯಲ್ಲಿ ಮೇಲಕ್ಕೆ ಓಡಿಬಂದ ಹಾರ್ಲನ್ ಕೊಕ್ಕೆಗೆ ಕೈ ಹಾಕಿದ. ಹಾಕಿದ್ದು ನನ್ನ ಕೊಕ್ಕೆಗೆ! ಅಂಕಿ ನೋಡದೆ ನನ್ನನ್ನು ಜೇಬಿಗಿಳಿಸಿದ.

ಮೇಸ್ತ್ರಿ ಹಲಗೆ ನೋಡಿದ. "ನಲವತ್ತೆರಡು ಒಂದೇ ನೇತಾಡ್ತಿದೆ. ನೀನು ಇಲ್ಲೇ ನಿಂತಿದ್ದೀಯಲ್ಲೋ!"

ಹಾರ್ಲನ್‌ನ ಕೈ ಜೇಬಿಗಿಳಿಯಿತು. ಹೆಬ್ಬೆರಳು ನನ್ನ ಮೇಲೆ ಹರಿಯಿತು. ನಾಲ್ಕು. ಒಂದು. ಆರಿನ್ ಇನ್ನೂ ಒಳಗೇ ಇದ್ದಾನೆಂದು ಬೆರಳಿಗೆ ತಿಳಿಯಿತು. ನಿಜ ಹೇಳಿದರೆ ಆರಿನ್‌ನನ್ನು ತರಲು ಮತ್ತೆ ಬೆಂಕಿಗಿಳಿಯಬೇಕು.

"ತಗೊಳ್ಳೋದು ಮರ್ತೆ, ಮೇಸ್ತ್ರಿ."

"ಹಂಗಾದ್ರೆ ಒಳಗ್ಯಾರೂ ಇಲ್ಲ. ಮುಚ್ರೋ!"

ಗಾಳಿಯಿಲ್ಲದೆ ಬೆಂಕಿ ಆರಲೆಂದು ಗಣಿಯ ಬಾಯಿಗೆ ಇಟ್ಟಿಗೆ ಕಟ್ಟಿದರು. ನಾನು ಜೇಬಿನಲ್ಲಿ ಕಿರುಚಿದೆ. ಹಿತ್ತಾಳೆಯ ಕೂಗು ಯಾರಿಗೆ ಕೇಳಬೇಕು?

ನನ್ನ ಕೊಕ್ಕೆ ಖಾಲಿಯಿತ್ತಲ್ಲ, ಆರಿನ್ ಬಿಲ್ಲೆಯೊಡನೆ ಊರು ಬಿಟ್ಟು ಓಡಿಹೋದ ಎಂದರು. "ನಮ್ಮಣ್ಣ ಹೇಳ್ದೆ ಹೋಗೋನಲ್ಲ," ಎಂದು ಡೆಸ್ಸಾ ಗಣಿಯ ಗೇಟಿನೆದುರು ದಿನವೂ ಕುಳಿತಳು.

ಹಾರ್ಲನ್ 42ನ್ನು ಕಂಪನಿಗೆ ಒಪ್ಪಿಸಿ ಕೆಲಸ ಬಿಟ್ಟ. ನನ್ನನ್ನು ಎಸೆಯುವ ಧೈರ್ಯ ಬರಲಿಲ್ಲ. ಆಮೇಲೆ ಕಾರ್ಮಿಕ ಸಂಘದ ಮುಖಂಡನಾದ, ಶಾಸಕನಾದ, ಗವರ್ನರ್ ಆದ. ಕೊನೆಗೆ ದೇಶಕ್ಕೇ ಅಧ್ಯಕ್ಷನಾದ! ಸಭೆ ಸಭೆಯಲ್ಲೂ ನನ್ನನ್ನು ಎತ್ತಿ ಹಿಡಿದು ಗರ್ಜಿಸುತ್ತಿದ್ದ: "ಇದು ನನ್ನ ಗಣಿ ಬಿಲ್ಲೆ! ನಿಮ್ಮಲ್ಲಿ ಒಬ್ಬನನ್ನೂ ಕತ್ತಲಲ್ಲಿ ಬಿಟ್ಟು ಬರಲ್ಲ!" ಚಪ್ಪಾಳೆಯೋ ಚಪ್ಪಾಳೆ. ಥೂ! ಅಂಕಿ ಮಾತ್ರ ಯಾವಾಗಲೂ ಅಂಗೈ ಕಡೆಗೇ.

ಅವನು ಸತ್ತ ಮೇಲೆ ಅವನ ಹೆಸರಿನ ಮ್ಯೂಸಿಯಂನಲ್ಲಿ ನನ್ನನ್ನು ಗಾಜಿನೊಳಗಿಟ್ಟರು. ಮೊದಲ ಸಲ ನನ್ನ ಮುಖ ಜನರ ಕಡೆಗಾಯಿತು.

ಕೋಲೂರಿಕೊಂಡು ಒಬ್ಬಳು ಮುದುಕಿ ಬಂದಳು. ಗಾಜಿಗೆ ಮೂಗು ತಾಗಿಸಿ ನೋಡಿದಳು. ಡೆಸ್ಸಾ!

"ಇದು ನಮ್ಮಣ್ಣಂದು."

"ಅಲ್ಲಜ್ಜಿ, ಅಧ್ಯಕ್ಷರದ್ದು. ಗಾಜು ಮುಟ್ಬೇಡಿ," ಎಂದ ಕಾವಲಿನವನು.

"ನಾನೇ ತಿಕ್ಕಿದ್ದು ಕಣಪ್ಪ ಇದನ್ನ. ಇವನ ಕೈಗೆ ಹೆಂಗೆ ಬಂತು?" ಕೇಳುತ್ತಿದ್ದಂತೆ ಉತ್ತರ ಅವಳಿಗೇ ಹೊಳೆಯಿತು. ಕೋಲು ಜಾರಿ ಬಿತ್ತು. "ಓಡಿಹೋಗಿರ್ಲಿಲ್ಲ... ಒಳಗೇ ಇದ್ದ."

ಇಲ್ಲಿ ನನ್ನನ್ನು ಒಂದು ಕೊಕ್ಕೆಗೆ ನೇತುಹಾಕಿದ್ದಾರೆ, ಅಂದಕ್ಕೆಂದು. ಐವತ್ತೈದು ವರ್ಷ ತಡವಾಗಿ ನನ್ನ ಕೆಲಸ ನಾನು ಮಾಡುತ್ತಿದ್ದೇನೆ: ಮನುಷ್ಯ ಒಳಗಿದ್ದಾನೆ.