ಹೊಂಡದ ಹೊರಗೆ ಮಲಗಿದವು

ಮೇ ತಿಂಗಳ ಕೊನೆಗೆ ಊರ ಹೊಂಡದಲ್ಲಿ ಒಂದು ಹನಿ ನೀರೂ ಇರಲಿಲ್ಲ. ಕೆಸರು ಒಣಗಿ, ಅಂಗೈ ತೂರುವಷ್ಟು ಅಗಲ ಬಿರುಕು ಬಿಟ್ಟಿತ್ತು. ಕಲ್ಲು ತುಂಬಿಸಿ ಲಾರಿ ನಿಲ್ಲಿಸುವ ಜಾಗ ಮಾಡೋಣ ಎಂದು ಊರಿನ ಜಮೀನು ಸಮಿತಿಯ ಅಧ್ಯಕ್ಷ ಎಲಿಯುತೇರಿಯೊ ಕಾನುಲ್ ಹೇಳಿದಾಗ ಸಭೆಯಲ್ಲಿ ಎಲ್ಲರೂ ತಲೆಯಾಡಿಸಿದರು. ಅವನ ಅತ್ತಿಗೆ ಬೆನಿಗ್ನಾ ತುಸ್ ಮಾತ್ರ ಎದ್ದು ನಿಂತಳು.

"ಅದರ ಕೆಸರೊಳಗೆ ಆಮೆಗಳು ಮಲಗಿವೆ. ಮಳೆಗಾಲದಲ್ಲಿ ನಾಲ್ಕು ತಿಂಗಳು ಎದ್ದಿರ್ತವೆ, ಉಳಿದಿದ್ದೆಲ್ಲ ನಿದ್ದೆ. ಮಲಗಿದವುಗಳ ಮೇಲೆ ಕಲ್ಲು ಸುರೀತೀಯೇನೋ?"

"ಎಂಟು ತಿಂಗಳು ನಿದ್ದೇನಾ? ಅವು ಆಮೆಗಳಲ್ಲ ಅತ್ತಿಗೆ, ನಮ್ಮಣ್ಣನ ಕಡೆಯವರೇ ಇರಬೇಕು!"

ಸಭೆ ಬಿದ್ದು ಬಿದ್ದು ನಕ್ಕಿತು. ಬೆನಿಗ್ನಾಳ ಗಂಡ ಫಿಲಿಬೆರ್ತೊ ತೂಗುಮಂಚ ಬಿಟ್ಟು ಏಳುವವನಲ್ಲವೆಂದು ಊರಿಗೇ ಗೊತ್ತಿತ್ತು. ಆದರೂ ಅವಳ ಮಾತನ್ನು ಹಾಗೇ ತಳ್ಳಿಹಾಕುವಂತಿರಲಿಲ್ಲ. ಯುಕತಾನ್ ಸೀಮೆ ಬಿಟ್ಟು ಬೇರೆಲ್ಲೂ ಇಲ್ಲದ ಆ ಪುಟ್ಟ ಕೆಸರಾಮೆ ಇರುವ ಹೊಂಡವನ್ನು ಮುಚ್ಚಲು ಅಪ್ಪಣೆ ಸಿಗುತ್ತಿರಲಿಲ್ಲ. ಮೆರಿದಾ ನಗರದಿಂದ ನೋರ್ಮಾ ಎಂಬ ಆಮೆ ತಜ್ಞೆಯನ್ನು ಕರೆಸಿದರು.

ಬೆನಿಗ್ನಾ ತಾನೇ ಗುದ್ದಲಿ ಹಿಡಿದಳು. ಸೊಂಟದಾಳದ ನಾಲ್ಕು ಗುಂಡಿ ತೋಡಿದ್ದಾಯಿತು. ಜನ ಜೋಳದ ರೊಟ್ಟಿ ಕಟ್ಟಿಕೊಂಡು ಬಂದು ದಂಡೆಯಲ್ಲಿ ಕೂತು ತಮಾಷೆ ನೋಡಿದರು. ಮೂರು ದಿನವಾದರೂ ಒಂದು ಚಿಪ್ಪಿನ ಚೂರೂ ಸಿಗಲಿಲ್ಲ.

ನೋರ್ಮಾ ಕೈ ಒರೆಸಿಕೊಂಡಳು. "ಬೆನಿಗ್ನಾ ಅವ್ರೇ, ಬೇಜಾರು ಮಾಡ್ಕೋಬೇಡಿ. ಕಂಡಿದ್ದನ್ನ ಮಾತ್ರ ನಾನು ಬರೀಬಹುದು."

ಆ ಸಂಜೆ ಬೆನಿಗ್ನಾಳಿಗೆ ಊಟ ಸೇರಲಿಲ್ಲ. ಮೈದುನನ ಮೇಲಿನ ಸಿಟ್ಟು ತನ್ನ ಮೇಲೇ ತಿರುಗಿತು. ನಲವತ್ತು ಮಳೆಗಾಲ ಅವುಗಳನ್ನು ನೀರಿನಲ್ಲಿ ಕಂಡಿದ್ದಳು, ನಿಜ. ಕೆಸರಲ್ಲಿ ಮಲಗುತ್ತವೆಂದು ಹೇಳಿದವರು ಯಾರು? ಯಾರೂ ಇಲ್ಲ, ತಾನೇ ಅಂದುಕೊಂಡಿದ್ದು. ಆಗ ನೆನಪಾಯಿತು: ಎರಡು ವರ್ಷದ ಹಿಂದೆ, ಜೋಳದ ಹೊಲಕ್ಕಾಗಿ ಕಾಡು ಸವರುವಾಗ ತರಗೆಲೆಯಡಿ ಕಲ್ಲಿನಂಥದ್ದೇನಕ್ಕೋ ಮಚ್ಚು ತಗುಲಿತ್ತು. ಕಲ್ಲಿನ ಸದ್ದಲ್ಲ, ಟೊಳ್ಳು ಸದ್ದು. ಹೊಂಡದಿಂದ ಮುನ್ನೂರು ಹೆಜ್ಜೆ ದೂರ. ಅವಸರದಲ್ಲಿ ಬಗ್ಗಿ ನೋಡಿರಲಿಲ್ಲ.

ಬೆಳಿಗ್ಗೆ ಗಂಟು ಕಟ್ಟುತ್ತಿದ್ದ ನೋರ್ಮಾಳನ್ನು ಎಳೆದುಕೊಂಡೇ ಕಾಡಿಗೆ ನಡೆದಳು. ಮಧ್ಯಾಹ್ನದವರೆಗೆ ಇಬ್ಬರೂ ಮಂಡಿಯೂರಿ ಹುಡುಕಿದರು. ಕೊನೆಗೆ, ಕೆಂಪು ತೊಗಟೆ ಸುಲಿದುಕೊಂಡು ನಿಂತಿದ್ದ ಒಂದು ಮರದ ಬೇರುಗಳ ನಡುವೆ, ಮೊಣಕೈ ಮುಳುಗುವಷ್ಟು ತರಗೆಲೆಯ ಕೆಳಗೆ, ಬೆನಿಗ್ನಾಳ ಬೆರಳಿಗೆ ತಣ್ಣಗೆ ದುಂಡಗಿನದೇನೋ ತಾಗಿತು.

ಅಂಗೈಯಗಲದ ಕಂದು ಆಮೆ. ಹೊಟ್ಟೆಯ ಚಿಪ್ಪನ್ನು ಹಿಂದೂ ಮುಂದೂ ಮಡಚಿ, ಡಬ್ಬಿಯ ಮುಚ್ಚಳದಂತೆ ಮುಚ್ಚಿಕೊಂಡಿತ್ತು. ಜೀವವಿದೆಯೇ ಎಂದು ನೋರ್ಮಾ ಬೆರಳು ಚಾಚಿದ್ದೇ ತಡ, ಸಂದಿಯಿಂದ ಕೊಕ್ಕಿನಂಥ ಬಾಯಿ ಹೊರಬಂದು ಕಚ್ಚಿ ಹಿಡಿಯಿತು.

"ಅಯ್ಯಯ್ಯೋ! ಬಿಡಿಸ್ರೀ!"

"ಸತ್ತಿಲ್ಲ ತಾನೆ?" ಬೆನಿಗ್ನಾಳಿಗೆ ನಗು ತಡೆಯಲಾಗಲಿಲ್ಲ. "ಈಗ ಬರಿ ಮಗಳೇ, ಕಂಡಿದ್ದನ್ನ!"

ಎಲಿಯುತೇರಿಯೊ ಒಪ್ಪಲಿಲ್ಲ. "ದಾರಿ ತಪ್ಪಿದ ಒಂದು ಆಮೆ. ಅದು ನಮ್ಮ ಹೊಂಡದ್ದೇ ಅನ್ನೋಕೆ ಬೆನ್ನ ಮೇಲೆ ವಿಳಾಸ ಬರೆದಿದೆಯಾ ಅತ್ತಿಗೆ?"

"ಮಳೆ ಬರಲಿ. ಆಮೇಲೆ ಕೇಳು."

ನೋರ್ಮಾ ಆಮೆಯನ್ನು ಇದ್ದಲ್ಲೇ ಇಟ್ಟು, ತಾನೂ ಊರಲ್ಲೇ ಉಳಿದಳು. ಎಲಿಯುತೇರಿಯೊ ಹೊಂಡದ ಕಾಡುಕಡೆಯ ದಂಡೆಗೆ ಎರಡು ಲಾರಿ ಕಲ್ಲು ತರಿಸಿ ಸಾಲಾಗಿ ಸುರಿಸಿಟ್ಟ.

ಜೂನ್ ಹದಿಮೂರಕ್ಕೆ ಮಳೆ ಹಿಡಿಯಿತು. ಮಧ್ಯಾಹ್ನ ಶುರುವಾದದ್ದು ಮರುದಿನ ಬೆಳಕು ಹರಿಯುವ ಹೊತ್ತಿಗೆ ನಿಂತಿತು. ಹೊಂಡದಲ್ಲಿ ಮಂಡಿಯುದ್ದ ನೀರು. ಊರಿಗೆ ಊರೇ ದಂಡೆಗೆ ಬಂತು, ಫಿಲಿಬೆರ್ತೊ ಕೂಡ ಕಣ್ಣುಜ್ಜಿಕೊಂಡು ಬಂದ. ನೀರು ಅಲುಗಲಿಲ್ಲ. ಒಂದು ಗಂಟೆ ಕಳೆಯಿತು.

"ಇನ್ನೂ ಎದ್ದಿಲ್ವಾ ಅತ್ತಿಗೆ? ಕಾಫಿ ಕಳಿಸೋಣವಾ?" ಎಂದ ಎಲಿಯುತೇರಿಯೊ.

ಬೆನಿಗ್ನಾ ನೀರಿನಿಂದ ಕಣ್ಣು ಕೀಳಲಿಲ್ಲ. ಆಗಲೇ ಎಲ್ಲರ ಹಿಂದೆ ನಿಂತಿದ್ದ ಫಿಲಿಬೆರ್ತೊ ಕೂಗಿದ:

"ಏ ಬೆನಿಗ್ನಾ! ಆ ಕಡೆ ಏನು ನೋಡ್ತೀಯೇ, ಈ ಕಡೆ ತಿರುಗೇ!"

ಊರೆಲ್ಲ ನೀರು ನೋಡುತ್ತಿದ್ದರೆ ಆಮೆಗಳು ಕಾಡಿನಿಂದ ಬರುತ್ತಿದ್ದವು. ಮೊದಲು ಒಂದು, ಆಮೇಲೆ ಮೂರು, ಮತ್ತೆ ಲೆಕ್ಕ ತಪ್ಪುವಷ್ಟು. ಬೆನ್ನಿಗೆ ಎಲೆ ಅಂಟಿಸಿಕೊಂಡು, ಕತ್ತು ಚಾಚಿ, ಜನರ ಕಾಲುಗಳ ನಡುವೆಯೇ ನುಗ್ಗಿದವು. ಹೆಂಗಸರು ಲಂಗ ಎತ್ತಿಕೊಂಡು ದಾರಿ ಬಿಟ್ಟರು. ನೋರ್ಮಾ ಕೂಗಿ ಎಣಿಸತೊಡಗಿದಳು. "ಹನ್ನೆರಡು! ಹದಿಮೂರು!" ಇಪ್ಪತ್ತು ದಾಟುವಷ್ಟರಲ್ಲಿ ಇಡೀ ಊರು ಅವಳೊಂದಿಗೆ ಎಣಿಸುತ್ತಿತ್ತು.

ಕಲ್ಲಿನ ಸಾಲು ಅಡ್ಡವಾಯಿತು. ಆಮೆಗಳು ಹತ್ತಿದವು, ಜಾರಿ ಅಂಗಾತ ಬಿದ್ದವು, ಹೊರಳಿ ಮತ್ತೆ ಹತ್ತಿದವು. ಒಂದು ಆಮೆ ಮೂರನೇ ಸಲ ಬಿದ್ದಾಗ ಎಲಿಯುತೇರಿಯೊಗೆ ತಡೆಯಲಾಗಲಿಲ್ಲ.

"ಏನ್ರೋ ಬಾಯಿ ಬಿಟ್ಕೊಂಡು ನಿಂತಿದೀರಾ? ಕಲ್ಲು ತೆಗೀರೋ! ಕಾಲ್ಕೆಳಗೆ ನೋಡ್ಕೊಂಡು!" ಎನ್ನುತ್ತಾ ತಾನೇ ಮೊದಲ ಕಲ್ಲನ್ನು ಎತ್ತಿ ಆಚೆಗೆಸೆದ.

ಬಿಸಿಲೇರುವ ಹೊತ್ತಿಗೆ ಲೆಕ್ಕ ಐವತ್ತೇಳಕ್ಕೆ ಬಂದು ನಿಂತಿತು. ಊರು ಕೇಕೆ ಹಾಕಿತು. ನೋರ್ಮಾ ಪುಸ್ತಕ ತೆರೆದು, ಇದನ್ನು ಕಂಡುಹಿಡಿದವರ ಹೆಸರೇನೆಂದು ಬರೆಯಲಿ ಎಂದು ಬೆನಿಗ್ನಾಳನ್ನು ಕೇಳಿದಳು.

"ಬೆನಿಗ್ನಾ ತುಸ್ ಪೋತ್. ಪೂರ್ತಿ ಬರಿ. ಕೆಸರಲ್ಲಿ ಮಲಗಿವೆ ಅಂತ ಮೊದಲು ತಪ್ಪು ಹೇಳಿದವಳೂ ಅವಳೇ ಅಂತ ಸೇರಿಸು. ಇಲ್ಲದಿದ್ರೆ ಮುಂದೆ ಬರೋರೂ ಹೊಂಡ ಅಗೀತಾ ಕೂರ್ತಾರೆ."

ಹೇಳಿ, ಉಡುಪಿನ ಅಂಚು ಮೇಲಕ್ಕೆ ಸಿಕ್ಕಿಸಿಕೊಂಡು ನೀರಿಗಿಳಿದಳು. ಹೊಂಡದ ನಡುವೆ ಹೋಗಿ ಸೊಂಟದ ಮೇಲೆ ಕೈಯಿಟ್ಟು ನಿಂತಳು. ಅವಳ ಸುತ್ತ ಅಲ್ಲೊಂದು ಇಲ್ಲೊಂದು ಪುಟ್ಟ ಮೂಗುಗಳು ನೀರಿನಿಂದ ಮೇಲೆದ್ದು, ಉಸಿರೆಳೆದುಕೊಂಡು, ಮತ್ತೆ ಮುಳುಗುತ್ತಿದ್ದವು.