ಗುರುವಿಗೆ ಎರಡು ಮಾತ್ರೆ

ಮೇಷ್ಟ್ರ ಸೊಂಟದಿಂದ ಕೆಳಗಿನ ಭಾಗ ಮಾತ್ರ ಕಾರಿನ ಹೊರಗಿತ್ತು. ಉಳಿದದ್ದೆಲ್ಲ, ಎಂದರೆ ಹೊಟ್ಟೆ, ಎದೆ, ಕನ್ನಡಕ ಮತ್ತು ಮೂರು ತಲೆಮಾರಿನ ಮಕ್ಕಳಿಗೆ ಪಾಠ ಹೇಳಿದ ಗಂಟಲು, ಮುಂದಿನ ಸೀಟಿನ ಕಾಲಿಡುವ ಜಾಗದಲ್ಲಿ ತುರುಕಿಕೊಂಡಿದ್ದವು.

“ಸಿಕ್ತಾ?” ಎಂದರು ಹೆಂಡತಿ.

“ಸಿಗ್ತಾ ಇದೆ.”

“ಬೆಳಿಗ್ಗೆಯಿಂದ ಸಿಗ್ತಾನೇ ಇದೆ. ಸಿಕ್ಕಿದ ಮೇಲೆ ಕರೀರಿ, ನಾನು ಎರಡು ರವಿಕೆ ಹೊಲಿದು ಬರ್ತೀನಿ.”

ಹೆಂಡತಿ ಬೀದಿಗೆಲ್ಲ ಟೈಲರಮ್ಮ. ಕತ್ತಿನಲ್ಲಿ ಅಳತೆಯ ಟೇಪು ಇಲ್ಲದೆ ಅವರನ್ನು ಕಂಡವರು ಈ ಭೂಮಂಡಲದಲ್ಲಿ ಒಬ್ಬರೂ ಇಲ್ಲ. ಮದುವೆಯ ಫೋಟೋದಲ್ಲಿ ಕೂಡ ಸರದ ಅಡಿಯಲ್ಲಿ ಇಣುಕುತ್ತಿರುವುದು ಟೇಪೇ ಎಂದು ಆಣೆ ಮಾಡಿ ಹೇಳುವವರಿದ್ದಾರೆ. ಗಂಡ ನಿವೃತ್ತ ಭಾಷಾ ಮೇಷ್ಟ್ರು. ಛಂದಸ್ಸು ಎಂದರೆ ಊಟ ಬಿಟ್ಟು ಕೂರುವವರು. ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು ಮಾತ್ರೆ ಎಂದು ಅವರು ಎಷ್ಟು ಸಾವಿರ ಸಲ ಹೇಳಿದ್ದರೆಂದರೆ, ಮಕ್ಕಳು ಅವರಿಗೆ ಮಾತ್ರೆ ಮೇಷ್ಟ್ರು ಎಂದೇ ಹೆಸರಿಟ್ಟಿದ್ದರು. ಆ ಹೆಸರು ಕೇಳಿ, ಹೊಸದಾಗಿ ಬಂದ ಬಾಡಿಗೆಯವರು ತಲೆನೋವಿಗೆ ಏನಾದರೂ ಕೊಡಿ ಎಂದು ಬಾಗಿಲು ತಟ್ಟಿದ್ದೂ ಉಂಟು.

ಕಾರು ಜಪಾನಿನದು. ಅದನ್ನು ಕಟ್ಟಿದ ಕೆಲಸಗಾರರೆಲ್ಲ ಈಗ ಕೋಲು ಹಿಡಿದು ಓಡಾಡುತ್ತಿರಬೇಕು, ಅಷ್ಟು ಹಳತು. ಮೊದಲು ಟೈಲರಮ್ಮನ ತಮ್ಮನ ಬಳಿ ಇತ್ತು. ಆತ ವಿಮಾ ಕಚೇರಿಯ ಗುಮಾಸ್ತ. ಆದರೆ ರಜೆಯ ದಿನ ಅವನ ಉಗುರು ನೋಡಿದರೆ ಬರಿಗೈಯಲ್ಲಿ ಬಾವಿ ತೋಡಿ ಬಂದವನ ಹಾಗಿರುತ್ತದೆ. ಹಳೆಯ ಕಾರುಗಳ ಹುಚ್ಚು. ಬೇರೊಂದು ಹಳೆಯ ಕಾರು ಕಣ್ಣಿಗೆ ಬಿದ್ದಾಗ ಇದನ್ನು ಅಕ್ಕನ ಹೆಸರಿಗೆ ಮಾಡಿದ. ಅಷ್ಟೇ ಅಲ್ಲ, ಅಕ್ಕ ರಜೆಗೆಂದು ಅವನ ಮನೆಗೆ ಹೋದಾಗ ಖಾಲಿ ಮೈದಾನಕ್ಕೆ ಕರೆದೊಯ್ದು ಓಡಿಸುವುದನ್ನೂ ಕಲಿಸಿಬಿಟ್ಟ. ಇದು ಮೇಷ್ಟ್ರಿಗೆ ಗೊತ್ತಾದದ್ದು ಆಕೆ ಮರಳಿ ಬಂದು, ಕಲಿಯುವವರ ಲೈಸೆನ್ಸನ್ನು ಊಟದ ಮೇಜಿನ ಮೇಲೆ ಉಪ್ಪಿನ ಬಟ್ಟಲಿಗೆ ಒರಗಿಸಿಟ್ಟಾಗ.

ಅಲ್ಲಿಯವರೆಗೆ ಕಾರು ಆಕೆಯದು, ಸ್ಟಿಯರಿಂಗು ಮೇಷ್ಟ್ರದು. ಗುಂಡಿ, ದಾರ, ಒಳಬಟ್ಟೆ ತರಲು ಪೇಟೆಗೆ ಹೋಗಬೇಕೆಂದರೆ ಮೇಷ್ಟ್ರ ಮೂಡು, ಮೇಷ್ಟ್ರ ಬೆನ್ನುನೋವು, ಮೇಷ್ಟ್ರ ಮಧ್ಯಾಹ್ನದ ನಿದ್ದೆ, ಈ ಮೂರೂ ಒಪ್ಪಬೇಕಿತ್ತು. ಒಪ್ಪಿದರೂ ದಾರಿಯುದ್ದಕ್ಕೂ ಷಟ್ಪದಿ. ಅಂಗಡಿಯಲ್ಲಿ ಆಕೆ ಎರಡು ನೀಲಿಗಳ ನಡುವೆ ಯಾವ ನೀಲಿ ಎಂದು ನೋಡುವಷ್ಟರಲ್ಲಿ ಹೊರಗಿನಿಂದ ಹಾರ್ನು.

ನಾಳೆ ಬೆಳಿಗ್ಗೆ ಟೈಲರಮ್ಮನಿಗೆ ಪರೀಕ್ಷೆ. ಕಾರನ್ನು ತಾವೇ ತರಬೇಕು. ಲೈಸೆನ್ಸು ಕೊಡುವ ಇನ್ಸ್‌ಪೆಕ್ಟರ್ ಮಹಾ ಖಡಕ್ಕು. ಎದುರಿನ ಫಲಕದಲ್ಲಿ ಇಂಜಿನ್ನಿನ ಹಳದಿ ದೀಪ ಉರಿಯುತ್ತಿದ್ದರೆ ಕಾರಿಗೆ ಹತ್ತುವುದೇ ಇಲ್ಲ. ಕಲಿಯುವವರ ಲೈಸೆನ್ಸಿನ ಅವಧಿ ಈ ವಾರವೇ ಮುಗಿಯುತ್ತದೆ. ನಾಳೆ ತಪ್ಪಿದರೆ ಅರ್ಜಿಯಿಂದ ಹಿಡಿದು ಕಣ್ಣಿನ ತಪಾಸಣೆಯವರೆಗೆ ಎಲ್ಲ ಮತ್ತೆ ಮೊದಲಿಂದ. ಮೊಮ್ಮಕ್ಕಳಾದ ವಯಸ್ಸಿನಲ್ಲಿ ಒಂದು ಸಲ ಕಟ್ಟಿಕೊಂಡ ಧೈರ್ಯವನ್ನು ಇನ್ನೊಂದು ಸಲ ಕಟ್ಟಿಕೊಳ್ಳುವುದು ಸುಲಭವಲ್ಲ. ಅಂಥಾದ್ದರಲ್ಲಿ ಹಳದಿ ದೀಪ ನಿನ್ನೆ ಹೊತ್ತಿಕೊಂಡಿತ್ತು.

“ಹೆದರ್ಬೇಡ ಅಕ್ಕ,” ಎಂದಿದ್ದ ತಮ್ಮ ಫೋನಿನಲ್ಲಿ. “ಎಡ ಸೀಟಿನ ಮುಂದೆ ಸಾಮಾನಿಡೋ ಕೈಪೆಟ್ಟಿಗೆ ಇದೆಯಲ್ಲ, ಅದರ ಹಿಂದೆ ಎರಡು ತೂತಿನ ಒಂದು ಸಾಕೆಟ್ ನೇತಾಡ್ತಿರುತ್ತೆ. ಎರಡು ತೂತಿಗೂ ಒಂದೇ ತಂತಿ ಚುಚ್ಚಿ ಸೇರಿಸಿ. ಇಂಜಿನ್ ಶುರು ಮಾಡ್ಬೇಡಿ, ಕೀಲಿ ಮಾತ್ರ ತಿರುಗಿಸಿ. ಆ ದೀಪಾನೇ ಮಿನುಗಿ ಮಿನುಗಿ ಏನು ಕಾಯಿಲೆ ಅಂತ ಹೇಳುತ್ತೆ. ಎಷ್ಟು ಅಂತ ಎಣಿಸಿ ನಂಗೆ ಹೇಳಿ, ಸಾಕು.”

ಕೊನೆಗೂ ಸಾಕೆಟ್ಟು ಸಿಕ್ಕಿತು. ಟೈಲರಮ್ಮ ತಲೆಯಿಂದ ಒಂದು ಹೇರ್‌ಪಿನ್ ಕಿತ್ತು ಕೊಟ್ಟರು. ಮೇಷ್ಟ್ರು ಅದನ್ನು ಚುಚ್ಚಿ, ಉಸಿರು ಬಿಗಿಹಿಡಿದು ಹೊರಬಂದು, ಚಾಲಕನ ಸೀಟಿನಲ್ಲಿ ಕೂತು ಕೀಲಿ ತಿರುಗಿಸಿದರು. ದೀಪ ಮಿನುಗಿತು. ಮೊದಲು ನಿಧಾನವಾಗಿ ಎರಡು ಸಲ, ಆಮೇಲೆ ಚುರುಕಾಗಿ ಎರಡು ಸಲ. ಸ್ವಲ್ಪ ಹೊತ್ತು ಸುಮ್ಮನಿದ್ದು ಮತ್ತೆ ಅದೇ.

ಮೇಷ್ಟ್ರ ಮುಖ ಅರಳಿದ ಬಗೆ ನೋಡಿದ್ದರೆ ಬೀದಿಯ ದೀಪಗಳು ನಾಚಿ ಆರಿಹೋಗುತ್ತಿದ್ದವು.

“ಗುರು, ಗುರು, ಲಘು, ಲಘು,” ಎಂದರು. “ನೋಡು, ಪದ್ಯ ಹೇಳ್ತಾ ಇದೆ.”

“ಪದ್ಯ ಆಮೇಲೆ. ಎಷ್ಟು?”

“ಆರು.”

ಟೈಲರಮ್ಮನೂ ಎಣಿಸಿದ್ದರೆ ನಾಲ್ಕು ಎನ್ನುತ್ತಿದ್ದರೇನೋ. ಆದರೆ ಅವರು ಆಗ ಗೇಟಿನ ಹತ್ತಿರ ಫೋನಿಗೆ ಸಿಗ್ನಲ್ ಹುಡುಕುತ್ತಿದ್ದರು. ಮೇಷ್ಟ್ರು ಹೇಳಿದ್ದನ್ನೇ ತಮ್ಮನಿಗೆ ಕೂಗಿ ಹೇಳಿದರು.

“ಆರಾ? ಸುಲಭ,” ಎಂದ ತಮ್ಮ. “ನೀರಿನ ಶಾಖ ನೋಡೋ ಸೆನ್ಸರ್. ಬಿಚ್ಚಿ ಬೇರೆ ಹಾಕಿಸಿ.”

ಮೇಷ್ಟ್ರು ಹಾಕಿಸಲಿಲ್ಲ, ತಾವೇ ಹಾಕಿದರು. ಆ ಸೆನ್ಸರನ್ನು ಬಿಚ್ಚುವಾಗ ಇಂಜಿನ್ನಿನಿಂದ ಹೊರಬಂದ ಹಸಿರು ನೀರಿನಲ್ಲಿ ಒಂದು ಹೋರಿಯನ್ನು ತೊಳೆಯಬಹುದಿತ್ತು. ಅರ್ಧ ಅವರ ಅಂಗಿಗೇ ಆಯಿತು. ಬಿಡಿಭಾಗದ ಅಂಗಡಿಗೆ ಆಟೋದಲ್ಲಿ ಹೋಗಿ ಬಂದದ್ದು, ಸ್ಪ್ಯಾನರು ಜಾರಿ ಗೆಣ್ಣು ಸುಲಿದುಕೊಂಡದ್ದು, ಇಂಜಿನ್ನಿಗೇ ಸಂಧಿಕಾರ್ಯ ವಿವರಿಸಿದ್ದು, ಇವನ್ನೆಲ್ಲ ಹೇಳುತ್ತ ಹೋದರೆ ಮಹಾಕಾವ್ಯವಾಗುತ್ತದೆ. ಕೊನೆಗೆ ತಮ್ಮ ಹೇಳಿಕೊಟ್ಟ ಹಾಗೆ ಒಂದು ಫ್ಯೂಸು ಕಿತ್ತು ಮತ್ತೆ ಸಿಕ್ಕಿಸಿದರು. ದೀಪ ಆರಿತು.

“ಆಯ್ತು ನೋಡು,” ಎಂದರು ಮೇಷ್ಟ್ರು, ಕೈ ಒರೆಸಿಕೊಳ್ಳುತ್ತ.

“ಒಂದು ಸುತ್ತು ಹೋಗಿ ಬನ್ನಿ. ದಿಬ್ಬ ಹತ್ತಿಸಿ. ನಿನ್ನೆ ಅಲ್ಲೇ ತಾನೇ ಹೊತ್ಕೊಂಡಿದ್ದು,” ಎಂದು ಟೈಲರಮ್ಮ ಒಳಗೆ ಹೋದರು.

ದಿಬ್ಬದ ನೆತ್ತಿಯಲ್ಲಿ ದೀಪ ಹೊತ್ತಿಕೊಂಡಿತು.

ಮೇಷ್ಟ್ರು ಕಾರನ್ನು ನೀರಿನ ಟ್ಯಾಂಕಿನ ಗೋಡೆಗೆ ಒತ್ತಿ ನಿಲ್ಲಿಸಿದರು. ಮತ್ತೆ ಹೇರ್‌ಪಿನ್ ಚುಚ್ಚಿದರು. ಗುರು, ಗುರು, ಲಘು, ಲಘು. ಈ ಸಲ ತಾವೇ ಫೋನು ಮಾಡಿದರು.

“ಅದೇ ಆರು ಕಣಪ್ಪ.”

“ಸೆನ್ಸರ್ ಹೊಸದು ಹಾಕಿದ ಮೇಲೂನಾ? ಭಾವ, ಸರಿಯಾಗಿ ನೋಡಿ. ಚಿಕ್ಕ ಮಿನುಗು, ಆರು ಸಲ?”

“ಚಿಕ್ಕವು ಎರಡೇ. ಉದ್ದದ್ದು ಎರಡು.”

“ಎರಡೂ ಎರಡೂ ನಾಲ್ಕಲ್ವಾ?”

“ಗುರುವಿಗೆ ಎರಡು ಮಾತ್ರೆ ಕಣಯ್ಯ. ಒಟ್ಟು ಆರು ಮಾತ್ರೆ.”

“ಭಾವ,” ಎಂದ ತಮ್ಮ ಮೆಲ್ಲಗೆ, “ಯಾವ ಮಾತ್ರೆ ತಗೊಂಡ್ರಿ? ಬಿ.ಪಿ.ದಾ? ಆರೂ ಒಟ್ಟಿಗೇನಾ?”

“ಅಯ್ಯೋ, ನುಂಗೋದಲ್ಲಯ್ಯ. ದೀರ್ಘಾಕ್ಷರಕ್ಕೆ ಎರಡು ಲೆಕ್ಕ. ನಿನಗೆ ಶಾಲೆಯಲ್ಲಿ ಯಾರೂ ಹೇಳಿಕೊಡಲಿಲ್ವಾ?”

ತಮ್ಮ ನಕ್ಕ ನಗೆಗೆ ಟ್ಯಾಂಕಿನ ನೀರು ಕಲಕಿರಬೇಕು. ಉಸಿರು ತಿರುಗಿದ ಮೇಲೆ ಹೇಳಿದ, “ಭಾವ, ಜಪಾನಿನವರಿಗೆ ನಿಮ್ಮ ಲೆಕ್ಕ ಗೊತ್ತಿಲ್ಲ. ಉದ್ದದ್ದು ಒಂದಕ್ಕೆ ಹತ್ತು. ಇಪ್ಪತ್ತೆರಡು ಅದು. ತಪ್ಪು ನಂದೂ ಇದೆ, ಉದ್ದ ಎಷ್ಟು ಗಿಡ್ಡ ಎಷ್ಟು ಅಂತ ನಾನೂ ಕೇಳ್ಲಿಲ್ಲ. ಇಪ್ಪತ್ತೆರಡು ಅಂದ್ರೆ ಎಣ್ಣೆಯ ಒತ್ತಡ. ಇಂಜಿನ್ ಎಣ್ಣೆ ಕಮ್ಮಿ ಆಗಿದೆ, ಅಷ್ಟೇ. ತುಂಬಿಸಿ, ಫ್ಯೂಸ್ ಕಿತ್ತು ಹಾಕಿ. ಅಲ್ಲೀವರೆಗೆ ಒಂದು ಗಜ ಕೂಡ ಓಡಿಸ್ಬೇಡಿ. ಅಕ್ಕಂಗೆ ಕೊಡಿ ಫೋನು.”

“ಅವಳು ಮನೇಲಿದಾಳೆ.”

“ಹಾಗಾದ್ರೆ ನೀವೇ ಹೇಳ್ಬಿಡಿ. ನಾನು ರೈಲಲ್ಲಿದೀನಿ, ಇನ್ನು ಸುರಂಗ ಶುರು. ನಾಳೆ ಸಂಜೆವರೆಗೂ ಸಿಗಲ್ಲ.”

ಫೋನು ಸತ್ತಿತು. ಮೇಷ್ಟ್ರು ಬಾನೆಟ್ಟು ಎತ್ತಿ ಎಣ್ಣೆ ನೋಡುವ ಕಡ್ಡಿ ಎಳೆದರು. ಕಡ್ಡಿಯ ತುದಿಯಲ್ಲಿ ಇರುವೆಯ ಕಾಲು ನೆನೆಯುವಷ್ಟು ಕೂಡ ಎಣ್ಣೆ ಇರಲಿಲ್ಲ. ಕಡ್ಡಿಯನ್ನು ಒರೆಸಿ, ಮತ್ತೆ ಇಟ್ಟು, ಬಾನೆಟ್ಟು ಮುಚ್ಚಿ, ಕಾರನ್ನು ಅಲ್ಲೇ ಬಿಟ್ಟು ನಡೆದು ದಿಬ್ಬ ಇಳಿಯತೊಡಗಿದರು.

ಆ ಇಳಿಜಾರನ್ನು ಅಷ್ಟು ನಿಧಾನವಾಗಿ ಇಳಿದ ಪ್ರಾಣಿ ಇನ್ನೊಂದಿಲ್ಲ. ಬಸವನಹುಳುಗಳು ಹಿಂದಿನಿಂದ ಬೈಯುತ್ತಿದ್ದವು. ವಿಷಯ ಈಗ ಇಬ್ಬರಿಗೆ ಮಾತ್ರ ಗೊತ್ತು, ಒಬ್ಬ ಸುರಂಗದಲ್ಲಿದ್ದಾನೆ. ದೀಪ ಆರಲಿಲ್ಲ ಎಂದರೆ ಸಾಕು. ಅದು ಸುಳ್ಳೂ ಅಲ್ಲ. ನಾಳಿನ ಪರೀಕ್ಷೆ ತಪ್ಪಿಹೋದರೆ ಮುಂದಿನ ಅರ್ಜಿಯ ಮಾತು ಯಾರು ಎತ್ತುತ್ತಾರೆ? ಪೇಟೆಗೆ ಮತ್ತೆ ಅವರೇ ಬೇಕು. ಬೆಳಿಗ್ಗೆ ಎದ್ದರೆ ಒಂದು ಕೆಲಸ, ಒಬ್ಬರನ್ನು ಎಲ್ಲಿಗೋ ಬಿಟ್ಟು ಬರುವ ಕೆಲಸ, ಉಳಿದುಕೊಳ್ಳುತ್ತದೆ. ಶಾಲೆ ಬಿಟ್ಟ ಮೇಲೆ ಅವರ ಕೈಯಲ್ಲಿ ಉಳಿದದ್ದು ಆ ಸ್ಟಿಯರಿಂಗು ಒಂದೇ. ಜೊತೆಗೆ ಇನ್ನೊಂದು ಲಾಭ: ಗುರುವಿಗೆ ಎರಡು ಮಾತ್ರೆ ಎಂದದ್ದು ತಪ್ಪಾಯಿತು ಎಂದು ಈ ಜನ್ಮದಲ್ಲಿ ಯಾರೆದುರೂ ಹೇಳಬೇಕಿಲ್ಲ.

ಮನೆಯ ಗೇಟಿನ ಬಳಿ ಬಂದಾಗ ಮುಂದಿನ ಕೋಣೆಯ ಕಿಟಕಿ ತೆರೆದಿತ್ತು. ಹೊಲಿಗೆ ಯಂತ್ರದ ಸದ್ದಿಲ್ಲ. ಆದರೆ ಟೈಲರಮ್ಮ ಯಂತ್ರದ ಮುಂದೆಯೇ ಕೂತಿದ್ದರು. ಎಡಗಾಲಿನಿಂದ ಪೆಡಲನ್ನು ಮೆಲ್ಲಗೆ ಒತ್ತಿದರು. ಪಕ್ಕದಲ್ಲಿ ನಿಲ್ಲಿಸಿದ ಮೊಳಕೋಲನ್ನು ಹಿಡಿದು ಮುಂದಕ್ಕೆ ತಳ್ಳಿದರು. ಕಾಲು ಬಿಟ್ಟರು. ಮತ್ತೆ ಒತ್ತಿದರು, ಮೊಳಕೋಲನ್ನು ಹಿಂದಕ್ಕೆ ಎಳೆದರು. ಕಣ್ಣು ಎದುರಿನ ಗೋಡೆಯ ಮೇಲೆ. ಅಲ್ಲಿ ಹೆದ್ದಾರಿಯೇ ಇದೆಯೇನೋ ಎಂಬಂತೆ. ನಡುವೆ ಒಂದು ಸಲ ಭುಜದ ಮೇಲಿನಿಂದ ತಿರುಗಿ, ಹಿಂದೆ ನೇತುಹಾಕಿದ್ದ ಗಿರಾಕಿಗಳ ಬಟ್ಟೆಗಳಿಗೆ ದಾರಿ ಬಿಟ್ಟರು.

ಮೇಷ್ಟ್ರು ಕೆಮ್ಮಿ ಒಳಗೆ ಬಂದರು. ಮೊಳಕೋಲು ಥಟ್ಟನೆ ಗೋಡೆಗೆ ಒರಗಿತು.

“ಕಾರೆಲ್ಲಿ?”

“ದಿಬ್ಬದ ಮೇಲಿದೆ.”

“ದೀಪ?”

“ಉರೀತಾ ಇದೆ.”

ಟೈಲರಮ್ಮ ಪೆಡಲಿನಿಂದ ಕಾಲು ತೆಗೆದರು. ಟೇಪನ್ನು ಕತ್ತಿನಿಂದ ಎಳೆದು ಬೆರಳಿಗೆ ಸುತ್ತತೊಡಗಿದರು. “ಹೋಗ್ಲಿ ಬಿಡಿ,” ಎಂದರು.

ಆ ‘ಹೋಗ್ಲಿ ಬಿಡಿ’ಯ ಬಾಗಿಲು ಆನೆ ನುಗ್ಗುವಷ್ಟು ದೊಡ್ಡದಿತ್ತು. ಮೇಷ್ಟ್ರು ಸುಮ್ಮನೆ ದಾಟಿ ಹೋಗಿ ಕೈಕಾಲು ತೊಳೆದುಕೊಳ್ಳಬಹುದಿತ್ತು. ಅವರು ಅಲ್ಲೇ ನಿಂತರು.

“ಉದ್ದದ್ದಕ್ಕೆ ಹತ್ತಂತೆ,” ಎಂದರು.

“ಏನು?”

“ಗುರುವಿಗೆ. ಎರಡಲ್ಲ, ಹತ್ತು. ಇಪ್ಪತ್ತೆರಡು ಬರ್ಬೇಕಿತ್ತು, ನಾನು ಆರು ಅಂದೆ. ಸೆನ್ಸರ್ ಸರಿಯಾಗೇ ಇತ್ತು. ಇಂಜಿನ್ನಿಗೆ ಎಣ್ಣೆ ಇಲ್ಲ, ಅಷ್ಟೇ. ತಪ್ಪು ನಂದು.”

ತಪ್ಪು ನಂದು ಎಂಬ ಆ ಎರಡು ಪದ ಆ ಮನೆಯ ಸೂರಿನ ಅಡಿಯಲ್ಲಿ ಕೇಳಿಬಂದದ್ದು ಅದೇ ಮೊದಲು. ಗೋಡೆಯ ಹಲ್ಲಿ ಲೊಚಗುಟ್ಟುವುದನ್ನೂ ಮರೆತಿತು.

“ಯಾರು ಹೇಳಿದ್ದು?”

“ನಿನ್ನ ತಮ್ಮ. ರೈಲಿನಿಂದ. ಈಗ ಫೋನಿಗೆ ಸಿಗಲ್ಲ ಅವನು.”

ಟೈಲರಮ್ಮ ಗಂಡನ ಮುಖವನ್ನು ನೋಡಿದರು. ಬಟ್ಟೆಯಲ್ಲಿ ಹೊಲಿಗೆ ಎಲ್ಲಿ ಬಿಟ್ಟಿದೆ ಎಂದು ನೋಡುವ ಹಾಗೆ, ಬೆಳಕಿಗೆ ಹಿಡಿದು. “ಹಾಗಾದ್ರೆ ನೀವು ಹೇಳ್ದೆ ಇದ್ರೆ ನಂಗೆ ಗೊತ್ತಾಗ್ತಿರ್ಲಿಲ್ಲ.”

“ಇಲ್ಲ.”

ಆಕೆ ಎದ್ದು ಚಪ್ಪಲಿ ಮೆಟ್ಟಿದರು. “ಎಷ್ಟು ಎಣ್ಣೆ ಬೇಕಂತೆ?”

ಅಂಗಡಿಯಿಂದ ಕೊಂಡ ಎಣ್ಣೆಯ ಡಬ್ಬಿಯನ್ನು ಇಬ್ಬರೂ ಸರದಿಯ ಮೇಲೆ ಹೊತ್ತು ದಿಬ್ಬ ಹತ್ತಿದರು. ಮೇಷ್ಟ್ರು ಸುರಿದರು, ಟೈಲರಮ್ಮ ಆಲಿಕೆ ಹಿಡಿದರು. ಕಡ್ಡಿಯ ಮೇಲಿನ ಎರಡು ಗೆರೆಗಳ ನಡುವೆ ಎಣ್ಣೆ ಬಂದು ನಿಲ್ಲುವ ತನಕ ಮತ್ತೆ ಮತ್ತೆ ಎಳೆದು ನೋಡಿದರು. ಫ್ಯೂಸು ಕಿತ್ತು ಸಿಕ್ಕಿಸಿದರು. ಕತ್ತಲಾಗುವುದರೊಳಗೆ ಕಾರು ಆ ದಿಬ್ಬವನ್ನು ಎಷ್ಟು ಸಲ ಹತ್ತಿ ಇಳಿಯಿತೆಂದರೆ ರಸ್ತೆಗೇ ಸುಸ್ತಾಗಿತ್ತು. ಹಳದಿ ದೀಪ ಮತ್ತೆ ಹೊತ್ತಿಕೊಳ್ಳಲಿಲ್ಲ.

ಮರುದಿನ ಪರೀಕ್ಷೆಯ ಮೈದಾನದಲ್ಲಿ ಇನ್ಸ್‌ಪೆಕ್ಟರು ಮೊದಲು ದೀಪಗಳನ್ನು ನೋಡಿ, ಆಮೇಲೆ ಟೈಲರಮ್ಮನ ಕತ್ತಿನ ಟೇಪನ್ನು ನೋಡಿ, ಹತ್ತಿ ಕೂತರು. ಮೇಷ್ಟ್ರು ಬೇಲಿಯ ಹೊರಗೆ ನಿಂತಿದ್ದರು. ಕಾರು ಎಂಟರ ಆಕಾರದಲ್ಲಿ ಸುತ್ತಿತು, ಎರಡು ಕಂಬಗಳ ನಡುವೆ ಹಿಂದಕ್ಕೆ ಸರಿಯಿತು, ಏರಿನ ಮೇಲೆ ನಿಂತು ಜಾರದೆ ಹೊರಟಿತು. ಬೇಲಿಯ ಕಂಬವನ್ನು ಮೇಷ್ಟ್ರು ಹಿಡಿದಿದ್ದ ಹಿಡಿತಕ್ಕೆ ಅದರಲ್ಲಿ ಬೆರಳಿನ ಅಚ್ಚು ಈಗಲೂ ಇದೆ. ಇನ್ಸ್‌ಪೆಕ್ಟರು ಇಳಿದು, ಕಾಗದದ ಮೇಲೆ ಏನೋ ಗೀಚಿ, ಮುದ್ರೆ ಒತ್ತಿ ಕಿಟಕಿಯೊಳಗೆ ಕೊಟ್ಟು ಮುಂದಿನವರ ಹೆಸರು ಕೂಗಿದರು.

ಕಾರು ಗೇಟಿನ ಹೊರಗೆ ಬಂದು ಮೇಷ್ಟ್ರ ಪಕ್ಕದಲ್ಲಿ ನಿಂತಿತು. ಅವರು ಅಭ್ಯಾಸದಂತೆ ಚಾಲಕನ ಬಾಗಿಲಿಗೆ ಹೋದರು. ಟೈಲರಮ್ಮ ಇಳಿಯಲಿಲ್ಲ; ಬಾಗಿ ಇನ್ನೊಂದು ಬದಿಯ ಬಾಗಿಲನ್ನು ಒಳಗಿನಿಂದ ತೆರೆದರು. ಮೇಷ್ಟ್ರು ಕಾರನ್ನು ಬಳಸಿ ಬಂದು ಕೂತರು. ಆ ಸೀಟಿನಲ್ಲಿ ಅವರು ಕೂತದ್ದು ಇದೇ ಮೊದಲು. ಬೆಲ್ಟಿಗಾಗಿ ಕೈ ತಪ್ಪು ಭುಜದತ್ತ ಹೋಯಿತು.

“ಮನೆ ಆ ಕಡೆ,” ಎಂದರು, ಕಾರು ಪೇಟೆಯ ರಸ್ತೆಗೆ ತಿರುಗಿದಾಗ.

“ಗೊತ್ತು. ಗುಂಡಿ ತಗೋಬೇಕು. ಹೊತ್ತಾಗುತ್ತೆ.”

ಮೇಷ್ಟ್ರು ಹೊರಗೆ ನೋಡಿದರು. ಅಷ್ಟು ವರ್ಷ ಓಡಾಡಿದ ರಸ್ತೆಯೇ. ಆದರೆ ಈ ಬದಿಯಲ್ಲಿ, ಅಂಗಡಿಗಳ ಮೇಲಿನ ಮಹಡಿಗಳಲ್ಲಿ, ಸ್ಟಿಯರಿಂಗು ಹಿಡಿದಾಗ ಅವರು ಎಂದೂ ಕಂಡಿರದ ಕಿಟಕಿಗಳು ಸಾಲಾಗಿದ್ದವು. ಒಂದರಲ್ಲಿ ಯಾರೋ ಮುದುಕರು ಮೊಣಕೈ ಊರಿಕೊಂಡು ರಸ್ತೆ ನೋಡುತ್ತಿದ್ದರು. ಕಾರು ಹತ್ತಿರ ಬಂದಾಗ ಅವರು ಕೈ ಎತ್ತಿದರು, ಈ ಸೀಟಿನಲ್ಲಿ ಕೂತವರಿಗೆ ಯಾವಾಗಲೂ ಎತ್ತುವವರ ಹಾಗೆ. ಮೇಷ್ಟ್ರು ಗಾಜು ಇಳಿಸಿ ತಾವೂ ಕೈ ಎತ್ತಿದರು.