ಇಲ್ಲ ಎನ್ನಬಾರದ ಕೇಳಿಕೆ

"ಹೊಸ ಚಾಪೆ ಕಂಕುಳಲ್ಲಿ ಇಟ್ಕೊಂಡು ಎತ್ಲಾಗೆ ಹೊರಟೆ?" ಎಂದು ಅಕೆನೇಟೆ ಪೊರಕೆ ನಿಲ್ಲಿಸಿ ಕೇಳಿದಳು.

"ಬಡಗಲ ಕಡೆ," ಎಂದಳು ಮೊವಾನಿಬಾ.

"ಬಡಗಲ ಕಡೆ ಅಂದ್ರೆ?"

"ತೆಂಕಲ ಕಡೆ ಅಲ್ಲ ಅಂತ."

ಪಕ್ಕದ ಮನೆಯ ಅಕೆನೇಟೆ ಇಂಥ ಉತ್ತರಕ್ಕೆಲ್ಲ ಬೇಜಾರು ಮಾಡಿಕೊಳ್ಳುವವಳಲ್ಲ. ನಮ್ಮ ಒನೊಟೋವ ದ್ವೀಪದಲ್ಲಿ ಒಂದು ಪಕ್ಕಕ್ಕೆ ಹೊರಗಡಲು, ಇನ್ನೊಂದು ಪಕ್ಕಕ್ಕೆ ಒಳಗಡಲು, ನಡುವೆ ಇರುವುದು ಒಂದೇ ದಾರಿ. ಹೊರಟವರು ಬಡಗಲಿಗೆ ಹೋಗಬೇಕು, ಇಲ್ಲ ತೆಂಕಲಿಗೆ. ಬಡಗಲಲ್ಲಿ ಮೊವಾನಿಬಾಗೆ ಇರುವುದು ಒಂದೇ ಮನೆ, ತೀರಿಹೋದ ತಂಗಿಯ ಮಗಳು ತೆರೇಸಿಯಾಳದು. ತೆರೇಸಿಯಾ, ಅವಳ ಗಂಡ ಇಯೋಟೆಬಾ, ಮೂವರು ಹೆಣ್ಣುಮಕ್ಕಳು ಶನಿವಾರದ ಹಡಗಿಗೆ ರಾಜಧಾನಿ ತರಾವಾಕ್ಕೆ ಹೊರಟುಬಿಡುತ್ತಾರೆಂದು ಊರಿಗೆಲ್ಲ ಗೊತ್ತು. ಹೊಸ ಚಾಪೆ ಹಿಡಿದು ಹೋದವರು ದೊಡ್ಡದೇನನ್ನೋ ಕೇಳಲು ಹೋಗುತ್ತಾರೆಂಬುದೂ ಗೊತ್ತು.

"ಕೊನೇದು ಇನ್ನೂ ಹಾಲು ಕುಡಿಯುತ್ತಾ?" ಅಕೆನೇಟೆ ನೆಲ ನೋಡುತ್ತ ಕೇಳಿದಳು.

"ನಿನಗ್ಯಾಕೆ? ಎಲೆ ಗುಡಿಸು."

ಬುಬುಸಿ ಎಂದರೇನೆಂದು ನಮ್ಮಲ್ಲಿ ಯಾರೂ ಯಾರಿಗೂ ಹೇಳಿಕೊಡುವುದಿಲ್ಲ. ನೆಂಟನೊಬ್ಬ ಬಂದು ಕೂತು, "ಬುಬುಸಿ, ನಿನ್ನ ದೋಣಿ," ಎಂದರೆ ದೋಣಿ ಕೊಡಬೇಕು. ಅಂಗಿ ಎಂದರೆ ಮೈಮೇಲಿನ ಅಂಗಿ ಬಿಚ್ಚಬೇಕು. ಇಲ್ಲ ಎಂದವನು ಆಮೇಲೆ ಸಭಾಮನೆಯಲ್ಲಿ ತಲೆಯೆತ್ತಿ ಕೂರುವ ಹಾಗಿಲ್ಲ. ಮಕ್ಕಳಿಲ್ಲದ ದೊಡ್ಡಮ್ಮ ತಂಗಿಯ ಮಗಳ ಕೂಸನ್ನು ಸಾಕಿಕೊಳ್ಳಲು ಕೇಳಿದರೆ ಅದೂ ಬುಬುಸಿಯೇ. ಹಾಲು ಬಿಡಿಸುವ ಮುಂಚೆ ಕೇಳಿಬಿಡಬೇಕು, ಅಷ್ಟೆ. ತಾಯಿ ಅತ್ತಾದರೂ ಕೊಡುತ್ತಾಳೆ. ಮೊವಾನಿಬಾಳನ್ನೂ ಆರು ತಿಂಗಳ ಕೂಸಿದ್ದಾಗ ಅಜ್ಜಿಯ ತಂಗಿಯೊಬ್ಬಳು ಹೀಗೆಯೇ ಕೇಳಿ ಒಯ್ದಿದ್ದಳು. ಸಾಕಿದ ಅಜ್ಜಿ ಒಳ್ಳೆಯವಳು, ಒಂದು ಏಟು ಹಾಕಿದವಳಲ್ಲ. ಹೆತ್ತವಳು ಮಾತ್ರ ಪ್ರತಿ ಭಾನುವಾರ ಚರ್ಚಿನಲ್ಲಿ ಎರಡು ಸಾಲು ಹಿಂದೆ ಕೂತು, ಪ್ರಾರ್ಥನೆ ಮುಗಿಯುವ ತನಕ ಮಗಳ ಜಡೆಯನ್ನೇ ನೋಡುತ್ತಿದ್ದಳು.

ಮೊವಾನಿಬಾಳ ಮನೆ ಮೊದಲಿನಿಂದಲೂ ಹೀಗೆ ಸದ್ದಿಲ್ಲದೆ ಇದ್ದದ್ದಲ್ಲ. ನಮ್ಮ ದ್ವೀಪದ ಗಂಡಸರು ದುಡಿಯಲು ಹಡಗು ಹತ್ತುವುದು ಇವತ್ತಿನ ಮಾತಲ್ಲ. ಅವಳ ಅಪ್ಪ ಬನಾಬಾ ದ್ವೀಪದಲ್ಲಿ ಗೊಬ್ಬರದ ಕಲ್ಲು ಅಗೆಯಲು ಬ್ರಿಟಿಷರ ಹಡಗು ಹತ್ತಿದ್ದ. ಗಂಡ ಟೆಕಾಯ್ ಜರ್ಮನರ ಸರಕು ಹಡಗು ಹತ್ತಿದ. ಅವನು ರಜೆಗೆ ಬಂದರೆ ಪೆಟ್ಟಿಗೆ ಬಿಚ್ಚುವ ಮೊದಲೇ ಜಗಲಿ ತುಂಬುತ್ತಿತ್ತು. ರೇಡಿಯೋವನ್ನು ಅವನ ಚಿಕ್ಕಪ್ಪ ಕೇಳಿದ, ಸೈಕಲ್ಲನ್ನು ಭಾವ ಕೇಳಿದ, ಹೊಲಿಗೆ ಯಂತ್ರವನ್ನು ಅವಳ ತಂಗಿಯೇ ಕೇಳಿದಳು. ಮೊವಾನಿಬಾ ಬಂದವರಿಗೆಲ್ಲ ಹಿಟ್ಟಿನ ಉಂಡೆ ಕರಿದು ಕೊಡುತ್ತ, "ನನ್ನ ಚರ್ಮ ಒಂದು ಬಿಟ್ಟು ಎಲ್ಲ ಹೊತ್ಕೊಂಡು ಹೋಗಿ," ಎಂದು ಒಳಗೊಳಗೇ ಬೈದುಕೊಳ್ಳುತ್ತಿದ್ದಳು. ಅವಳು ಮಾತ್ರ ಯಾರ ಮನೆಗೂ ಹೋಗಿ ಒಂದು ಸೂಜಿ ಕೇಳಿದವಳಲ್ಲ. ಅದು ಜಂಬ. ಆ ಜಂಬ ಊರಿಗೂ ಗೊತ್ತಿತ್ತು, ಅವಳಿಗೂ ಗೊತ್ತಿತ್ತು.

ಟೆಕಾಯ್ ಸತ್ತು ಮೂರು ವರ್ಷವಾಯಿತು. ಮೊದಲ ವರ್ಷ ಜನ ಅವನ ಬಟ್ಟೆ ಕೇಳಿದರು, ಬಲೆ ಕೇಳಿದರು. ಮಾರನೆಯ ವರ್ಷ ಕೊಡಲಿ ಕೇಳಿದರು. ಆಮೇಲೆ ಯಾರೂ ಬರಲಿಲ್ಲ. ಯಾರಿಗೂ ಅವಳ ಮೇಲೆ ಮುನಿಸಿರಲಿಲ್ಲ. ಕೇಳಲು ಅಲ್ಲೇನೂ ಉಳಿದಿರಲಿಲ್ಲ. ಉಳಿದದ್ದೆಂದರೆ ಟೆಕಾಯ್ ಹಡಗಿನ ಅಡುಗೆಯವನಿಂದ ತಂದಿದ್ದ ಎರಡು ಹಿಡಿಯ ದಪ್ಪ ಬಾಣಲೆ. ಮೊವಾನಿಬಾ ಅದನ್ನು ಮರಳು ಹಾಕಿ ಬೆಳ್ಳಗೆ ತಿಕ್ಕಿ, ದಾರಿಯಲ್ಲಿ ಹೋಗುವವರಿಗೆ ಕಾಣುವಂತೆ ಜಗಲಿಯ ಕಂಬದ ಮೊಳೆಗೆ ನೇತುಹಾಕತೊಡಗಿದಳು. ಹೀಗೆ ನಾಲ್ಕು ತಿಂಗಳು. ಜನ ಹಾದುಹೋದರು, ಬಾಣಲೆ ನೋಡಿದರು, "ಚೆನ್ನಾಗಿದೀಯಾ?" ಎಂದರು. ಒಬ್ಬಂಟಿ ಹೆಂಗಸಿಗಿರುವ ಒಂದೇ ಬಾಣಲೆಯನ್ನು ಕೇಳುವಷ್ಟು ಕೆಟ್ಟವರು ನಮ್ಮೂರಲ್ಲಿ ಇರಲಿಲ್ಲ. ಆ ಒಳ್ಳೆಯತನದಿಂದ ಅವಳಿಗಾದ ನೋವು ಯಾರಿಗೂ ತಿಳಿಯಲಿಲ್ಲ.

ಅವಳು ಚಾಪೆ ಹಿಡಿದು ಹೊರಟ ಬೆಳಿಗ್ಗೆ ಕಡಲು ಇಳಿದಿತ್ತು. ತೆಂಗಿನ ಮರಗಳ ತಲೆಯಲ್ಲಿ ನೀರಾ ಇಳಿಸುವವರು ಹಾಡುತ್ತ ಕೂತಿದ್ದರು. ಮೇಲೆ ಕೂತವನಿಗೆ ಊರಿನದೆಲ್ಲ ಕಾಣುತ್ತದೆ. ಕಂಡದ್ದನ್ನು ಹೊಟ್ಟೆಯಲ್ಲಿ ಇಟ್ಟುಕೊಳ್ಳುವ ಅಭ್ಯಾಸವಂತೂ ಅವರಿಗಿಲ್ಲ. ಮೊವಾನಿಬಾ ಸಭಾಮನೆ ದಾಟುವಷ್ಟರಲ್ಲಿ ಒಬ್ಬ ಹಾಡು ನಿಲ್ಲಿಸಿ, "ಚಾಪೆ ಯಾರಿಗಜ್ಜೀ?" ಎಂದು ಕೂಗಿದ. ಅವಳು ತಲೆಯೆತ್ತಲಿಲ್ಲ. ಅವನು ಅದನ್ನೇ ಮುಂದಿನ ಮರದವನಿಗೆ ಕೂಗಿ ಹೇಳಿದ, ಅವನು ಅದರ ಮುಂದಿನವನಿಗೆ. ಮೊವಾನಿಬಾ ಎರಡು ದಿಬ್ಬಗಳ ನಡುವಿನ ಮೊಣಕಾಲುದ್ದ ನೀರನ್ನು ಒದ್ದೆಯಾಗದಂತೆ ಬಟ್ಟೆ ಎತ್ತಿಕೊಂಡು ದಾಟುವಾಗ, ಅವಳ ಚಾಪೆಯ ಸುದ್ದಿ ಆಗಲೇ ತೆರೇಸಿಯಾಳ ಅಂಗಳ ಮುಟ್ಟಿತ್ತು.

ದಾರಿಯುದ್ದಕ್ಕೂ ಅವಳು ಮಾತು ಜೋಡಿಸುತ್ತ ಬಂದಳು. ನಿನಗೆ ಇನ್ನಿಬ್ಬರಿದ್ದಾರೆ. ನನ್ನ ಬಾವಿಯ ನೀರು ಇನ್ನೂ ಉಪ್ಪಾಗಿಲ್ಲ. ತರಾವಾದಲ್ಲಿ ಕಾಲಿಡಲು ಜಾಗವಿಲ್ಲವಂತೆ. ನಾನು ಹೊಡೆಯುವುದಿಲ್ಲ, ಬೈಯುವುದಿಲ್ಲ. ಹಡಗು ಹೋದ ಮೇಲೆ ಈ ದ್ವೀಪದಲ್ಲಿ ನನ್ನ ರಕ್ತದವರೆಂದು ಒಂದು ಬೆಕ್ಕೂ ಇರುವುದಿಲ್ಲ, ಮಗಾ. ಕೊನೆಯ ಮಾತು ಹೇಳಬಾರದೆಂದು ತೀರ್ಮಾನಿಸಿದಳು. ಎರಡು ಹೆಜ್ಜೆ ಇಟ್ಟು, ಹೇಳಿಯೇ ಬಿಡುವುದೆಂದುಕೊಂಡಳು.

ಅಂಗಳಕ್ಕೆ ಕಾಲಿಟ್ಟಾಗ ಒಂಬತ್ತು ವರ್ಷದ ಬೆರೆಟಾ, ಹಿರಿಯವಳು, ಕೂಸನ್ನು ಸೊಂಟಕ್ಕೆ ಏರಿಸಿಕೊಂಡು ಮನೆಯ ಹಿಂದಿನ ಕೇದಗೆ ಪೊದೆಯೊಳಗೆ ಓಡುತ್ತಿದ್ದಳು. ಕೂಸಿನ ಒಂದು ಕಾಲು ಅಲ್ಲಾಡುತ್ತಿದ್ದುದು ಕಂಡಿತು, ಆಮೇಲೆ ಅದೂ ಕಾಣಲಿಲ್ಲ.

ನಮ್ಮಲ್ಲಿ ನೆಂಟರು ಬರುವ ಸುದ್ದಿ ಬಂದರೆ ಮನೆಯ ಒಳ್ಳೆಯ ಸಾಮಾನು ಚಾಪೆಯಡಿ ಸೇರುತ್ತದೆ. ಅದೇನು ತಪ್ಪಲ್ಲ, ಎಲ್ಲರೂ ಮಾಡುತ್ತಾರೆ. ಆದರೆ ಆ ದಿನ ತೆರೇಸಿಯಾಳ ಜಗಲಿಯ ಮೇಲೆ ಇದ್ದಬದ್ದದ್ದೆಲ್ಲ ಹೊರಗೆ ಬಂದು ಸಾಲಾಗಿ ಕೂತಿತ್ತು. ಬಿಸಿಲಿನಲ್ಲಿ ಚಾರ್ಜಾಗುವ ದೀಪ, ಎರಡು ಹೊಸ ಬಕೆಟ್ಟು, ಕಬ್ಬಿಣದ ಇಸ್ತ್ರಿ ಪೆಟ್ಟಿಗೆ, ಇನ್ನೂ ಮಡಿಕೆ ಬಿಚ್ಚದ ಬಟ್ಟೆ. ತುದಿಯಲ್ಲಿ ಹೊಲಿಗೆ ಯಂತ್ರ, ಹಿಂದೊಮ್ಮೆ ಮೊವಾನಿಬಾಳದ್ದೇ ಆಗಿದ್ದದ್ದು, ಎಣ್ಣೆ ಹಚ್ಚಿ ಒರೆಸಿಟ್ಟಿತ್ತು. ಇಯೋಟೆಬಾ ಅಂಗಳದ ಮಧ್ಯೆ ಹಂದಿಯೊಂದರ ಹಗ್ಗ ಹಿಡಿದು ನಿಂತಿದ್ದ.

"ಬನ್ನಿ ಅತ್ತೆ, ಬನ್ನಿ. ಈ ಹಂದಿ ನೋಡಿದ್ರಾ? ಎಷ್ಟು ಬೆಳೆದಿದೆ. ಹಡಗಲ್ಲಂತೂ ಒಯ್ಯೋಕಾಗಲ್ಲ."

"ಕೂರೋಕಾದ್ರೂ ಬಿಡಪ್ಪ," ಎಂದಳು ಮೊವಾನಿಬಾ.

ತೆರೇಸಿಯಾ ತೆಂಗಿನ ಚಿಪ್ಪಿನಲ್ಲಿ ನೀರಾ ಬೆಲ್ಲದ ಪಾನಕ ತಂದುಕೊಟ್ಟಳು. ಇಬ್ಬರೂ ಎದುರುಬದುರು ಕೂತರು. ಚಾಪೆ ನಡುವೆ ಇತ್ತು. ಯಾರೂ ಅದನ್ನು ಬಿಚ್ಚಲಿಲ್ಲ.

"ಹಡಗು ಶನಿವಾರವೇನಾ?"

"ಹ್ಞೂಂ ದೊಡ್ಡಮ್ಮ. ಮಧ್ಯಾಹ್ನದೊಳಗೆ ಹತ್ಕೊಳ್ಳಿ ಅಂದಿದ್ದಾರೆ."

"ಮತ್ತೆ ಯಾವಾಗ ಬರ್ತೀರಿ?"

ತೆರೇಸಿಯಾ ಗಂಡನ ಮುಖ ನೋಡಿದಳು. ಅವನು ಹಂದಿಯ ಮುಖ ನೋಡಿದ.

"ದೀಪ ಚೆನ್ನಾಗಿ ಉರಿಯುತ್ತೆ ದೊಡ್ಡಮ್ಮ," ಎಂದಳು ತೆರೇಸಿಯಾ. "ಯಂತ್ರಾನೂ ರಿಪೇರಿ ಮಾಡ್ಸಿದೀವಿ. ನಿಂದೇ ಅಲ್ವಾ ಅದು. ಅಮ್ಮ ಯಾವಾಗಲೂ ಹೇಳ್ತಿದ್ಲು."

ಮೊವಾನಿಬಾ ಪಾನಕ ಕುಡಿದು ಚಿಪ್ಪು ಕೆಳಗಿಟ್ಟಳು. ಕೇಳುವ ಮಾತು ಬಾಯಿಗೆ ಬಂದಿತ್ತು. ಆಗ ಕೇದಗೆ ಪೊದೆಯೊಳಗಿಂದ ಕೂಸು ಅತ್ತಿತು. ಒಮ್ಮೆ ಅತ್ತು, ಯಾರೋ ಬಾಯಿ ಮುಚ್ಚಿದ ಹಾಗೆ ನಿಂತು, ಮತ್ತೆ ಜೋರಾಗಿ ಅತ್ತಿತು. ತೆರೇಸಿಯಾ ಅಲ್ಲಾಡದೆ ಕೂತಿದ್ದಳು, ಕತ್ತು ತಿರುಗಿಸಲಿಲ್ಲ. ಆದರೆ ಅವಳ ನೀಲಿ ರವಿಕೆಯ ಎಡಗಡೆ ಒಂದು ಒದ್ದೆ ಕಲೆ ಮೂಡಿತು. ಮೊವಾನಿಬಾ ನೋಡುತ್ತಿದ್ದಂತೆಯೇ ಅದು ಹರಡಿತು, ಬಲಗಡೆಯೂ ಒದ್ದೆಯಾಯಿತು. ತೆರೇಸಿಯಾ ಎರಡೂ ಕೈಯಿಂದ ಎದೆ ಮುಚ್ಚಿಕೊಂಡಳು.

"ಕಡಲಹಕ್ಕಿ ಇರಬೇಕು," ಎಂದ ಇಯೋಟೆಬಾ.

"ಕಡಲಹಕ್ಕಿನೇ," ಎಂದಳು ಮೊವಾನಿಬಾ. "ನಮ್ಮ ಕಡೆನೂ ಹೀಗೇ ಕೂಗ್ತವೆ."

ಅವಳಿಗೆ ದಾರಿಯಲ್ಲಿ ಜೋಡಿಸಿಕೊಂಡು ಬಂದದ್ದರಲ್ಲಿ ಒಂದು ಮಾತೂ ನೆನಪಾಗಲಿಲ್ಲ. ಚರ್ಚಿನಲ್ಲಿ ತನ್ನ ಬೆನ್ನ ಹಿಂದೆ ಎರಡು ಸಾಲು ಬಿಟ್ಟು ಕೂರುತ್ತಿದ್ದವಳ ನೆನಪಾಯಿತು. ಕೊನೆಗೆ ಚಾಪೆಯ ಮೇಲೆ ಕೈಯೂರಿದಳು.

"ಬುಬುಸಿ," ಎಂದಳು.

ಇಯೋಟೆಬಾನ ಕೈಯಿಂದ ಹಗ್ಗ ಜಾರಿತು. ತೆರೇಸಿಯಾ ಕಣ್ಣು ಮುಚ್ಚಿಕೊಂಡು, "ಹೇಳು ದೊಡ್ಡಮ್ಮ," ಎಂದಳು. ಹಾಗೆ ಹೇಳದೆ ಅವಳಿಗೆ ಬೇರೆ ದಾರಿ ಇರಲಿಲ್ಲ.

"ನನ್ನ ಹತ್ರ ಏನಾದ್ರೂ ಒಂದು ಕೇಳು."

ತೆರೇಸಿಯಾ ಕಣ್ಣು ಬಿಟ್ಟಳು. "ಏನು?"

"ನೀನು ನನ್ನ ಹತ್ರ ಏನಾದ್ರೂ ಕೇಳಬೇಕು. ಇದೇ ನನ್ನ ಬುಬುಸಿ. ಇಲ್ಲ ಅನ್ನೋ ಹಾಗಿಲ್ಲ."

"ನಿನ್ನ ಹತ್ರ ಏನಿದೆ ದೊಡ್ಡಮ್ಮ?" ಎಂದುಬಿಟ್ಟು ತೆರೇಸಿಯಾ ನಾಲಿಗೆ ಕಚ್ಚಿಕೊಂಡಳು.

"ಯೋಚನೆ ಮಾಡು. ನಾನು ಕೂತಿರ್ತೀನಿ."

"ಅತ್ತೆ, ಹಂದಿ ಬೇಡವಾ ಹಾಗಾದ್ರೆ?" ಎಂದ ಇಯೋಟೆಬಾ.

"ಬಾಯ್ಮುಚ್ಚು ಮಾರಾಯ," ಎಂದು ತೆರೇಸಿಯಾ ಅಳುತ್ತಲೇ ಗದರಿದಳು. ಅವಳ ಅಳು ಈಗ ಬೇರೆಯದಾಗಿತ್ತು. ತಡೆಯುವ ಗೋಜಿಗೆ ಹೋಗದೆ ಮೂಗು ಸೋರಿಸಿಕೊಂಡು ಅತ್ತಳು. ಒದ್ದೆ ಮುಖದಲ್ಲೇ ದೊಡ್ಡಮ್ಮನನ್ನು ನೋಡುತ್ತ ನಿಜವಾಗಿಯೂ ಯೋಚಿಸಿದಳು. ದೊಡ್ಡಮ್ಮನ ಮನೆಯ ಒಳಗನ್ನೆಲ್ಲ ಮನಸ್ಸಿನಲ್ಲೇ ಹುಡುಕಿರಬೇಕು. ಬಹಳ ಹೊತ್ತು ಹುಡುಕುವಷ್ಟು ಅಲ್ಲಿ ಇರಲಿಲ್ಲ.

"ನಾನು ಚಿಕ್ಕವಳಿದ್ದಾಗ ಹಿಟ್ಟಿನ ಉಂಡೆ ಕರೀತಿದ್ಯಲ್ಲ. ಆ ಬಾಣಲೆ ಇನ್ನೂ ಇದ್ಯಾ?"

"ಇದೆ."

"ಬುಬುಸಿ ದೊಡ್ಡಮ್ಮ. ಆ ಬಾಣಲೆ ಕೊಡು."

ಮೊವಾನಿಬಾ ಮೊದಲಿನ ಅಭ್ಯಾಸದಂತೆ ಒಳಗೊಳಗೇ ಬೈದುಕೊಳ್ಳಲು ನೋಡಿದಳು. ಬೈಗುಳ ಬರಲಿಲ್ಲ.

"ಕೊಟ್ಟೆ," ಎಂದಳು. ಆಮೇಲೆ ಚಾಪೆಯನ್ನು ಅವಳ ಕಡೆ ತಳ್ಳಿದಳು. "ಇದೂ ಇಟ್ಕೋ. ಹಡಗಿನ ನೆಲ ತಣ್ಣಗಿರುತ್ತೆ, ಮಗೂನ ಇದರ ಮೇಲೆ ಮಲಗಿಸು." ಎದ್ದು ನಿಂತು ಪೊದೆಯ ಕಡೆ ದನಿ ಎತ್ತಿದಳು. "ಬೆರೆಟಾ, ಬಾರೇ ಹೊರಗೆ, ಸೊಳ್ಳೆ ಕಚ್ಚುತ್ತೆ. ನಾನು ಹೊರಟೆ, ನೀರು ಏರುತ್ತೆ."

ಪೊದೆಯಿಂದ ಯಾರೂ ಬರಲಿಲ್ಲ.

ಶನಿವಾರ ಹಡಗು ಬಂಡೆಸಾಲಿನ ಆಚೆ ಲಂಗರು ಹಾಕಿತ್ತು. ಜನರನ್ನೂ ಸಾಮಾನನ್ನೂ ಅಲ್ಲಿಗೆ ಒಯ್ಯುವ ದೋಣಿ ದಡದಲ್ಲಿತ್ತು. ಮೊವಾನಿಬಾ ಬಾಣಲೆಯನ್ನು ಇನ್ನೊಮ್ಮೆ ತಿಕ್ಕಿ, ಬಟ್ಟೆಯಲ್ಲಿ ಸುತ್ತಿ ತಂದಿದ್ದಳು. ಊರಿನವರೆಲ್ಲ ನೋಡುವಂತೆ ಕೊಟ್ಟಳು. ತೆರೇಸಿಯಾ ಗಂಟುಮೂಟೆಯ ಮೇಲೆ ಅದನ್ನು ಕಟ್ಟಿಸಿ, ದೋಣಿ ಹತ್ತುವ ಮೊದಲು, ಯಾರೂ ಕೇಳದಿದ್ದರೂ, ಕೂಸನ್ನು ದೊಡ್ಡಮ್ಮನ ಕೈಗೆ ಕೊಟ್ಟಳು. ಕೂಸು ಬಿಸಿಯಾಗಿತ್ತು, ತೂಕವಾಗಿತ್ತು, ಅವಳ ಕಿವಿಯನ್ನು ಹಿಡಿದು ಎಳೆಯಿತು. ಬೆರೆಟಾ ಪಕ್ಕದಲ್ಲೇ ನೀರಿನಲ್ಲಿ ನಿಂತಿದ್ದಳು. ಅವಳು ತಂಗಿಯ ಒಂದು ಪಾದವನ್ನು ಹಿಡಿದುಕೊಂಡಿದ್ದಳು. ತಾಯಿ ಮತ್ತೆ ಕೂಸನ್ನು ಎತ್ತಿಕೊಳ್ಳುವ ತನಕ ಆ ಹಿಡಿತ ಬಿಡಲಿಲ್ಲ.

ಹಡಗು ಕಣ್ಣಿಗೆ ಮರೆಯಾಗುವ ಮೊದಲೇ ಜನ ಚದುರಿದರು. ದಾರಿಯಲ್ಲಿ ಅಕೆನೇಟೆ ಜೊತೆಯಾದಳು.

"ಕೂಸನ್ನ ಕೇಳಲಿಲ್ವಂತೆ ನೀನು."

"ಇಲ್ಲ."

"ಅಷ್ಟು ದೊಡ್ಡ ಚಾಪೆ ಒಯ್ದು ಮತ್ತೇನು ಕೇಳ್ದೆ?"

"ಕೇಳಿದ್ದು ನಾನಲ್ಲ, ಅವಳು," ಎಂದಳು ಮೊವಾನಿಬಾ, ಬೇಕಾದದ್ದಕ್ಕಿಂತ ಸ್ವಲ್ಪ ಗಟ್ಟಿಯಾಗಿ. "ಬಾಣಲೆ ಬೇಕು ಅಂದ್ಲು. ಕೇಳಿದ ಮೇಲೆ ಇಲ್ಲ ಅನ್ನೋಕಾಗುತ್ತಾ? ಈಗಿನ ಹುಡುಗಿಯರಿಗೆ ನಾಚಿಕೆನೇ ಇಲ್ಲ."

"ಇಲ್ಲ ಬಿಡು," ಎಂದು ಒಪ್ಪಿಕೊಂಡು ಅಕೆನೇಟೆ ತನ್ನ ಮನೆ ಹೊಕ್ಕಳು.

ಮೊವಾನಿಬಾ ಬಾವಿಯಿಂದ ನೀರು ಸೇದಿ ಕಾಲು ತೊಳೆದುಕೊಂಡಳು. ತೆಂಗಿನ ಸಿಪ್ಪೆ ಒಟ್ಟಿ ಒಲೆ ಹೊತ್ತಿಸಿದಳು. ಡಬ್ಬಿಯಲ್ಲಿದ್ದ ಹಿಟ್ಟಿಗೆ ನೀರಾ ಬೆಲ್ಲ ಬೆರೆಸಿ ಕಲಸಿ, ಉಂಡೆ ಕಟ್ಟಲು ಹದ ನೋಡಿ, ಕೂತಲ್ಲಿಂದಲೇ ಹಿಂದಕ್ಕೆ ಕಂಬದ ಕಡೆ ಕೈ ಚಾಚಿದಳು. ಬರೀ ಮೊಳೆ ಕೈಗೆ ತಗುಲಿತು. ಅವಳು ಕೈ ಹಿಂದೆಗೆದುಕೊಂಡು ಮಡಿಲಲ್ಲಿ ಇಟ್ಟುಕೊಂಡಳು. ಮೂರು ಕಲ್ಲಿನ ನಡುವೆ ಉರಿ ಚೆನ್ನಾಗಿ ಹತ್ತಿಕೊಂಡು ಮೇಲೇಳುತ್ತಿತ್ತು. ಅದರ ಮೇಲೆ ಏನೂ ಇರಲಿಲ್ಲ. ಸಿಪ್ಪೆ ಉರಿದು ಮುಗಿಯುವ ತನಕ ಅವಳು ಅಲ್ಲೇ ಕೂತಿದ್ದಳು, ಬೆರಳುಗಳಲ್ಲಿ ಹಿಟ್ಟು ಒಣಗುತ್ತಿತ್ತು.